ಹಡಗಿನ ಕಥೆಯಲ್ಲಿ ಗಡಿಯಾರವನ್ನೇ ಬಿಟ್ಟಿರಿ

ಸಂಪಾದಕರೇ,

ಭಾನುವಾರದ ಪುರವಣಿಯಲ್ಲಿ ಬ್ರಿಟನ್ನಿನ ಹಳೆಯ ಸೆಂಚುರಿಯನ್ ಯುದ್ಧನೌಕೆಯ ಬರಹ ಓದಿದೆ. ತೋಪು, ಲೂಟಿ ಎಲ್ಲ ಇತ್ತು. ಗಡಿಯಾರ ಮಾತ್ರ ಇರಲಿಲ್ಲ. ಮೂವತ್ತು ವರ್ಷ ವಾಚ್ ರಿಪೇರಿ ಮಾಡಿದವನು ಇದನ್ನು ಸುಮ್ನೆ ಬಿಡುವುದು ಹೇಗೆ?

1732ರಲ್ಲಿ ಪೋರ್ಟ್ಸ್‌ಮತ್‌ನಲ್ಲಿ ನೀರಿಗಿಳಿದ ಈ 60 ತೋಪಿನ ಹಡಗು, 1736ರಲ್ಲಿ ಬಡಗಿ ಜಾನ್ ಹ್ಯಾರಿಸನ್‌ನನ್ನೂ ನಡುಗಡಲಲ್ಲಿ ಹಡಗು ಎಲ್ಲಿದೆ ಎಂದು ಲೆಕ್ಕಹಾಕಲು ಅವನು ಮಾಡಿದ ಗಡಿಯಾರವನ್ನೂ ಲಿಸ್ಬನ್‌ಗೆ ಒಯ್ದಿತು. ಗಡಿಯಾರದ ತೂಕ ಸುಮಾರು 34 ಕಿಲೋ! ನಮ್ಮ ಸೋನಾ ಮಸೂರಿ ಪಾಕೆಟ್‌ಗಿಂತ ಜಾಸ್ತಿ. ಅದಕ್ಕೆ ಲೋಲಕವಿಲ್ಲ. ಸ್ಪ್ರಿಂಗಿನಿಂದ ಜೋಡಿಸಿದ ಎರಡು ತೂಗುದಂಡಗಳು ಎದುರುಬದುರು ಆಡುತ್ತವೆ. ಹಡಗು ಹೊಯ್ದಾಡಿದರೂ ಲೆಕ್ಕ ಅಷ್ಟಾಗಿ ಕೆಡುವುದಿಲ್ಲ. ಇಲ್ಲಿ ಲೋಲಕದ ಗೋಡೆ ಗಡಿಯಾರ ಬೆರಳಗಲ ವಾಲಿದರೂ ನಿಂತುಬಿಡುತ್ತಿತ್ತು, ಗಿರಾಕಿಗಳು ಕಂಕುಳಲ್ಲಿ ಇಟ್ಟುಕೊಂಡು ಓಡಿಬರುತ್ತಿದ್ದರು. ಮೊದಲು ಮೊಳೆ ಸರಿ ಹೊಡೀರಿ ಅಂತ ವಾಪಸ್ ಕಳಿಸುತ್ತಿದ್ದೆ.

ಹ್ಯಾರಿಸನ್ ಮರಳಿದ್ದು ಆರ್ಫರ್ಡ್ ಎಂಬ ಬೇರೆ ಹಡಗಿನಲ್ಲಿ. ಇಂಗ್ಲೆಂಡಿನ ದಡ ಕಂಡಾಗ ನಾವಿಕರು ಅದು ಸ್ಟಾರ್ಟ್ ಪಾಯಿಂಟ್ ಎಂಬ ಭೂಶಿರ ಅಂದರು, ಇವನು ಗಡಿಯಾರದ ಲೆಕ್ಕ ಹಿಡಿದು ಲಿಝರ್ಡ್ ಎಂಬ ಇನ್ನೊಂದು ಭೂಶಿರ ಅಂದ. ಇವನದೇ ಸರಿಯಾಯಿತು.

1740ರಲ್ಲಿ ನೌಕಾದಳದ ನಾಯಕ ಆನ್ಸನ್ ಜೊತೆ ಹೊರಟ ಆರು ಯುದ್ಧನೌಕೆಗಳಲ್ಲಿ ಭೂಮಿ ಸುತ್ತಿ ಬಂದದ್ದು ಸೆಂಚುರಿಯನ್ ಒಂದೇ. 1743ರಲ್ಲಿ ಹಿಡಿದ ಸ್ಪೇನಿನ ಬೆಳ್ಳಿ ಹಡಗಿಗೆ ನೀವು ಅರ್ಧ ಪುಟ ಕೊಟ್ಟಿದ್ದೀರಿ. ತಾಜಾ ಹಣ್ಣು-ತರಕಾರಿ ಸಿಗದೆ ಬರುವ ಸ್ಕರ್ವಿ ರೋಗದಿಂದ ಸತ್ತ ನೂರಾರು ಜನರಿಗೆ ಒಂದೇ ಸಾಲು. ನಿಂಬೆಹಣ್ಣು ಸಿಕ್ಕಿದ್ದರೆ ಬದುಕುತ್ತಿದ್ದರು, ಅಲ್ವಾ?

ಹಡಗನ್ನು 1769ರಲ್ಲಿ ಒಡೆದು ಹಾಕಿದರು. ಗಡಿಯಾರ ಗ್ರೀನಿಚ್‌ನಲ್ಲಿದೆ.

– ಒಬ್ಬ ವಾಚ್ ರಿಪೇರಿಯವ, ತೀನ್ ಕಂದೀಲ್, ರಾಯಚೂರು