ಕಂಬದ ಸಾಲಿನ ಕೊನೆಯ ಮನೆ

ಬಸವನಗುಡಿ, ಬೆಂಗಳೂರು

ಪ್ರೀತಿಯ ಸುಮಾ,

ಆಶೀರ್ವಾದಗಳು. ನಿನಗೆ ಕರೆಂಟ್ ಕಂಪನಿಯಲ್ಲಿ ಜೂನಿಯರ್ ಇಂಜಿನಿಯರ್ ಕೆಲಸ ಸಿಕ್ಕಿತು ಅಂತ ನಿಮ್ಮಮ್ಮ ಫೋನ್ ಮಾಡಿದಳು. ತುಂಬಾ ಖುಷಿಯಾಯಿತು ಮಗಳೇ.

ಬೆಂಗಳೂರಿನ ಬೀದಿಗೆ 1905ರಲ್ಲೇ ವಿದ್ಯುತ್ ದೀಪ ಬಂತು. ಶಿವನಸಮುದ್ರದ ಕರೆಂಟು 1902ರಲ್ಲಿ ಮೊದಲು ಹೋಗಿದ್ದು ಕೋಲಾರದ ಚಿನ್ನದ ಗಣಿಗೆ, ಆಮೇಲೆ ಈ ಊರಿಗೆ. ಹಳ್ಳಿಯ ಸರದಿ ಮಾತ್ರ ಬೇಗ ಬರಲಿಲ್ಲ. ಸ್ವಾತಂತ್ರ್ಯ ಬಂದಾಗ ಇಡೀ ದೇಶದಲ್ಲಿ ಕರೆಂಟಿದ್ದ ಹಳ್ಳಿಗಳು ಸುಮಾರು 1,500 ಅಷ್ಟೇ. 1948ರಲ್ಲಿ ಕಾನೂನು ಬಂದು ರಾಜ್ಯಗಳಲ್ಲಿ ವಿದ್ಯುತ್ ಮಂಡಳಿಗಳಾದವು.

ನಮ್ಮೂರಲ್ಲಿ ಕಂಬ ನೆಟ್ಟಾಗ ನಾನು ಹೈಸ್ಕೂಲಿನಲ್ಲಿದ್ದೆ. ಎಲ್ಲರೂ ಬಲ್ಬಿನ ಮಾತಾಡುತ್ತಾರೆ. ನಮಗೆ ದೊಡ್ಡದಾಗಿದ್ದು ಬಾವಿಯ ಪಂಪ್‌ಸೆಟ್ಟು. ಅಲ್ಲಿಯವರೆಗೂ ಅಪ್ಪ ಕೋಳಿ ಕೂಗೋ ಹೊತ್ತಿಗೆ ಎತ್ತು ಕಟ್ಟಿ ಕಪಿಲೆ ಹೊಡೆದು ಬಾವಿಯ ನೀರೆತ್ತುತ್ತಿದ್ದರು. ಹಗ್ಗ ಹಿಡಿಯೋಕೆ ನಾನೂ ಹೋಗಬೇಕಿತ್ತು, ಎಷ್ಟೋ ದಿನ ಸ್ಕೂಲು ತಪ್ಪುತ್ತಿತ್ತು. ಪಂಪು ಬಂದ ಮೇಲೆ ತಪ್ಪಲಿಲ್ಲ. ಹಿಟ್ಟಿನ ಮಿಲ್ಲು ಬಂತು, ಅಮ್ಮ ರಾಗಿಕಲ್ಲು ಬಿಟ್ಟಳು. ಅವಳ ಅಂಗೈ ಮೆತ್ತಗಾಗಿದ್ದು ನನಗೆ ಇವತ್ತಿಗೂ ನೆನಪಿದೆ. ನಾನು ಓದಿ ಬೆಂಗಳೂರಿಗೆ ಬಂದು ಕಾರ್ಖಾನೆ ಸೇರಿದ್ದು ಆ ಕಂಬದಿಂದಲೇ.

ಒಂದು ಬೇಸಿಗೆಯಲ್ಲಿ ಟ್ರಾನ್ಸ್‌ಫಾರ್ಮರ್ ಸುಟ್ಟುಹೋಯಿತು. ಅಪ್ಪ ದಿನಾ ಕರೆಂಟ್ ಆಫೀಸಿಗೆ ನಡೆದರು. ಅಲ್ಲಿನವರು ‘ನಾಳೆ ಬನ್ನಿ’ ಅಂದರು. ಹೀಗೇ ಇಪ್ಪತ್ತು ದಿನ. ಮೆಣಸಿನ ಗಿಡ ಪೂರ್ತಿ ಒಣಗಿತು. ಮೇಜಿನ ಆಚೆ ಕೂತವರು ಒಂದು ಸಲ ಹೊಲಕ್ಕೆ ಬಂದು ನೋಡಿದ್ದರೆ ಸಾಕಿತ್ತು. ಇನ್ನು ನೀನು ಆ ಮೇಜಿನ ಆಚೆ ಕೂರುತ್ತೀಯ, ಅಲ್ವಾ? ಅದಕ್ಕೇ ಈ ಪತ್ರ.

ನಿನ್ನ ಸೆಕ್ಷನ್ ಆಫೀಸಿಗೆ ಹೋದ ಮೊದಲ ವಾರವೇ ಲೈನಿನ ಕೊನೆಯ ಮನೆವರೆಗೂ ನಡೆದು ಬಾ. ವೋಲ್ಟೇಜ್ ಬೀಳೋದು ಅಲ್ಲೇ. ಫೋನ್ ಎತ್ತು. ಇವತ್ತು ಆಗದಿದ್ದರೆ ಯಾವತ್ತು ಅಂತ ಹೇಳು, ಸುಮ್ನೆ ಅಲೆಸಬೇಡ. ಲೈನ್‌ಮನ್ ಕಂಬ ಹತ್ತುವ ಮುಂಚೆ ಲೈನ್ ಆಫ್ ಆಗಿದೆಯಾ ಅಂತ ನೀನೇ ಖಾತ್ರಿ ಮಾಡಿಕೋ. ಅವನಿಗೂ ಮನೆಯಲ್ಲಿ ಮಕ್ಕಳಿದ್ದಾರೆ.

ರಜೆ ಸಿಕ್ಕಾಗ ಒಮ್ಮೆ ಶರಾವತಿ ನದಿಯ ಲಿಂಗನಮಕ್ಕಿ ಅಣೆಕಟ್ಟು ನೋಡಿ ಬಾ. 1964ರಲ್ಲಿ ಆ ಅಣೆಕಟ್ಟು ಮುಗಿಯಿತು. ನಮ್ಮ ಕಾರ್ಖಾನೆಗಳ ಮೆಷಿನ್ನು ಓಡಿದ್ದು ಶರಾವತಿಯ ಕರೆಂಟಿನಿಂದ. ಆ ನೀರಿನ ಕೆಳಗೆ ಜನರ ಮನೆ, ತೋಟ, ದೇವಸ್ಥಾನ ಇವೆ. ಅಲ್ಲಿಂದ ಎದ್ದು ಹೋದವರಲ್ಲಿ ಎಷ್ಟೋ ಜನ ಮುಂದೆ ವರ್ಷಗಟ್ಟಲೆ ಬುಡ್ಡಿ ದೀಪದಲ್ಲೇ ಬದುಕಿದರು. ಅದನ್ನು ನೆನೆದರೆ ನನಗೆ ಈಗಲೂ ಸಂಕಟವಾಗುತ್ತದೆ.

ಎಸ್.ಪಿ. ರೋಡಿನಿಂದ ನಿನಗೊಂದು ಒಳ್ಳೆ ಟಾರ್ಚು ತಂದಿಟ್ಟಿದ್ದೇನೆ. ಭಾನುವಾರ ಬಂದು ತಗೊಂಡು ಹೋಗು.

ನಿನ್ನ ಪ್ರೀತಿಯ,
ತಾತ