ಮಕ್ಕಳ ಪುಟದಲ್ಲಿ ನಗು ಎಲ್ಲಿ ಕೆಡುತ್ತದೆ

ಸಂಪಾದಕರಿಗೆ,

ಮಾನ್ಯರೇ,

‘ಹಾಸ್ಯ ಕಥೆ’ ಎಂಬ ತಲೆಪಟ್ಟಿ ಹೊತ್ತು ಮಕ್ಕಳ ಪುಟಗಳಲ್ಲಿ ಬರುವ ಶಾಲೆಯ ಕಥೆಗಳನ್ನು ಮಕ್ಕಳಿಗೆ ಓದಿ ಹೇಳಿದರೆ, ಹೆಚ್ಚಿನ ಸಲ ನಗುವುದು ಓದಿದ ದೊಡ್ಡವರು ಮಾತ್ರ. ದೊಡ್ಡವರಿಗೆ ಮಕ್ಕಳ ಪೆದ್ದುತನ ಮುದ್ದಾಗಿ ಕಾಣುತ್ತದೆ. ಮಗುವಿಗೆ ಅದರಲ್ಲಿ ನಗುವಂಥದ್ದೇನೂ ಇಲ್ಲ, ಏಕೆಂದರೆ ಅದು ಪೆದ್ದಲ್ಲ. ಅದರ ಲೆಕ್ಕದಲ್ಲಿ ಹಂತ ಹಂತವೂ ಸರಿ, ಹಿಡಿದ ಮೊದಲ ಎಳೆ ಮಾತ್ರ ತಪ್ಪು. 8ರಿಂದ 12 ವರ್ಷದವರಿಗಾಗಿ ಬರೆಯುವ ಹಾಸ್ಯ ನಿಲ್ಲುವುದು ಆ ಒಂದು ತಪ್ಪು ಎಳೆಯ ಮೇಲೆ. ಬರೆಯುವವರೂ ಪುಟ ಕಟ್ಟುವವರೂ ಇದನ್ನು ಗಮನಿಸಲಿ ಎಂದು ಈ ಪತ್ರ.

ಒಂದು ಕಥೆ ಕಟ್ಟಿಯೇ ನೋಡೋಣ. ಮಾರ್ಕ್ಸ್ ಕಾರ್ಡಿನ ಮೇಲೆ ‘ಮನೆಯ ಹಿರಿಯರ ಸಹಿ’ ಎಂದು ಅಚ್ಚಾಗಿದೆ. ತಮ್ಮನಿಗೆ 8 ವರ್ಷ, ಅಕ್ಕನಿಗೆ 11. ಗಣಿತದ ಅಂಕದ ಕೆಳಗೆ ಕೆಂಪು ಗೆರೆ ಬಿದ್ದಿದೆ. ಅಕ್ಕ ತನಗಿಂತ ಹಿರಿಯಳು, ಮನೆಯವಳು, ಸಹಿ ಹಾಕಲು ಬರುತ್ತದೆ. ಕಾರ್ಡು ಕೇಳಿದ್ದೆಲ್ಲ ಅವಳಲ್ಲಿದೆ. ಅವನು ಮೋಸ ಮಾಡುತ್ತಿಲ್ಲ, ಬರೆದದ್ದನ್ನು ಓದಿ ಹಾಗೆಯೇ ಪಾಲಿಸುತ್ತಿದ್ದಾನೆ. ಅಕ್ಕ ಪುಕ್ಕಟೆ ಸಹಿ ಹಾಕುವವಳಲ್ಲ. ಒಂದು ತಿಂಗಳು ಕಿಟಕಿ ಪಕ್ಕದ ಜಾಗ ತನಗೆ ಎಂದು ಕರಾರು ಮಾಡಿಕೊಳ್ಳುತ್ತಾಳೆ. ಇಲ್ಲಿಗೆ ಒಂದು ಜೋಕ್ ಆಯಿತು, ಕಥೆ ಆಗಲಿಲ್ಲ. ಆದರೆ ಬಹಳಷ್ಟು ಬರಹಗಳು ಇಲ್ಲೇ ಚಾಪೆ ಸುತ್ತಿಬಿಡುತ್ತವೆ. ಟೀಚರ್‌ಗೆ ಗೊತ್ತಾಗುತ್ತದೆ, ಬೈಗುಳ ಬೀಳುತ್ತದೆ, ‘ಇನ್ನು ಮುಂದೆ ಹೀಗೆ ಮಾಡುವುದಿಲ್ಲ’ ಎಂದು ತಮ್ಮ ಕಣ್ಣೊರೆಸಿಕೊಳ್ಳುತ್ತಾನೆ.

ಕಥೆ ಆಗಬೇಕಾದರೆ ಗಂಟು ಬಿಡಿಸಲು ಹೋದ ಪ್ರತಿ ಸಲವೂ ಅದು ಇನ್ನಷ್ಟು ಬಿಗಿಯಬೇಕು. ಹೊಸದಾಗಿ ಬಂದಿರುವ ಟೀಚರ್ ಸಹಿ ಮಾಡಿದವರು ಚಿಕ್ಕಮ್ಮನೋ ದೊಡ್ಡಮ್ಮನೋ ಇರಬೇಕು ಎಂದುಕೊಂಡು ಮುಂದಿನ ಚೀಟಿಯನ್ನು ಆ ಹೆಸರಿಗೇ ಕಳಿಸುತ್ತಾರೆ. ಉತ್ತರ ಕೊಡದಿದ್ದರೆ ಅನುಮಾನ ಬರುತ್ತದೆ, ಹಾಗಾಗಿ ಅಕ್ಕ ಬರೆಯುತ್ತಾಳೆ. ದೊಡ್ಡವರು ಬರೆದಂತೆ ಕಾಣಲೆಂದು ‘ತತ್ಸಂಬಂಧ’, ‘ಸಾದರ’, ‘ಪರಿಶೀಲಿಸಲಾಗುವುದು’ ಎಲ್ಲವನ್ನೂ ತುಂಬುತ್ತಾಳೆ. ಕಾಗದ ಎಷ್ಟು ಚೆನ್ನಾಗಿರುತ್ತದೆ ಎಂದರೆ, ‘ಪೋಷಕರ ಸಭೆಯಲ್ಲಿ ತಾವು ಎರಡು ಮಾತಾಡಬೇಕು’ ಎಂದು ಟೀಚರ್ ಆ ಹೆಸರಿಗೇ ಬರೆದು ಕೇಳಿಕೊಳ್ಳುತ್ತಾರೆ. ಮೂರು ಮೆಟ್ಟಿಲು, ಪ್ರತಿಯೊಂದಕ್ಕೂ ಕಾರಣ ಅದರ ಹಿಂದಿನದು. ನಡುವೆ ನಾಯಿಯೊಂದು ಎಲ್ಲಿಂದಲೋ ಬಂದು ಚೀಟಿಯನ್ನು ಕಚ್ಚಿಕೊಂಡು ಓಡಿ ಇವರನ್ನು ಪಾರು ಮಾಡಿದರೆ ಮುಗಿಯಿತು, ಮಗು ಪುಸ್ತಕ ಮುಚ್ಚುತ್ತದೆ. ಆಕಸ್ಮಿಕವು ತೊಂದರೆ ತಂದರೆ ಓದುವವರು ಒಪ್ಪುತ್ತಾರೆ, ತೊಂದರೆಯಿಂದ ಬಿಡಿಸಿದರೆ ಒಪ್ಪುವುದಿಲ್ಲ.

ಇದಕ್ಕಾಗಿ ಅಪ್ಪ ಅಮ್ಮನನ್ನು ಊರಿಂದ ಹೊರಗೆ ಕಳಿಸಬೇಕಿಲ್ಲ. ‘ಆಮೇಲೆ ಹೇಳು’ ಎನ್ನುವ ಅಮ್ಮನೇ ಸಾಕು. ಟೀಚರನ್ನು ದಡ್ಡರನ್ನಾಗಿಸಿದರಂತೂ ಆಟ ಕೆಡುತ್ತದೆ. ದಡ್ಡರ ಕೈಗೆ ಸಿಕ್ಕಿಬೀಳುವ ಭಯ ಯಾರಿಗಿದೆ? ಕಣ್ಣು ಚುರುಕಾಗಿರುವ, ಆದರೆ ಕೆಲಸ ಕೈತುಂಬ ಇರುವ ಟೀಚರ್ ಬೇಕು. ಸಭೆ ಬರುವ ಶನಿವಾರ ಎಂದು ಮೊದಲೇ ಗೊತ್ತಿರಬೇಕು, ಆಗ ದಿನಗಳು ಒಂದೊಂದಾಗಿ ಉದುರುವುದೇ ತಮಾಷೆಗೆ ಕಾವು ಕೊಡುತ್ತದೆ.

ಈಗ ನಿಜವಾದ ಕೆಲಸ. ಒಂದೇ ಸಂಗತಿ ಮೊದಲು ಜೋಕಾಗಿ ಬಂದು, ಆಮೇಲೆ ಸತ್ಯವಾಗಿ ಮರಳಬೇಕು. ಎರಡನೇ ಅಧ್ಯಾಯದಲ್ಲಿ ತಮ್ಮ ಕಪ್ಪುಹಲಗೆಯ 3 ಅನ್ನು 8 ಎಂದು ಬರೆದುಕೊಳ್ಳುತ್ತಾನೆ. ಲೆಕ್ಕ ಹಾಕಿದ್ದು ಸರಿ, ಉತ್ತರ ತಪ್ಪು, ಕ್ಲಾಸಿಗೆ ಕ್ಲಾಸೇ ನಗುತ್ತದೆ. ಐದನೆಯದರಲ್ಲಿ ಬಸ್ಸಿನ ಬೋರ್ಡ್ ಓದಲು ಅಕ್ಕನನ್ನು ಕೇಳುತ್ತಾನೆ, ‘ಸೋಮಾರಿ’ ಎನ್ನಿಸಿಕೊಳ್ಳುತ್ತಾನೆ. ಸಭೆಯ ದಿನ ಟೀಚರ್ ಎದುರು ನಿಂತ ಅಕ್ಕನಿಗೆ ಎರಡೂ ಒಟ್ಟಿಗೆ ನೆನಪಾಗುತ್ತವೆ. ತಮ್ಮನಿಗೆ ದೂರದ್ದು ಕಾಣುತ್ತಿಲ್ಲ. ಸಮೀಪದೃಷ್ಟಿ ಶುರುವಾಗುವುದು ಹೆಚ್ಚಾಗಿ ಶಾಲೆಯ ವಯಸ್ಸಿನಲ್ಲೇ, ಆದ್ದರಿಂದ ಇದು ಕಟ್ಟುಕಥೆ ಎನ್ನಿಸುವುದೂ ಇಲ್ಲ. ಸುಳಿವು ಎರಡು ಸಲ ಬರಬೇಕು. ಒಂದೇ ಸಲವಾದರೆ ಮರೆತುಹೋಗುತ್ತದೆ, ಮೂರಾದರೆ ಮಗು ನಮಗಿಂತ ಮೊದಲೇ ಹೇಳಿಬಿಡುತ್ತದೆ. ಮತ್ತು ಸುಳಿವನ್ನು ನಗುವಿನೊಳಗೆ ಬಚ್ಚಿಡಬೇಕು. ನಗುವಾಗ ಯಾರೂ ಹುಡುಕುತ್ತಿರುವುದಿಲ್ಲ.

ಅವನು ಯಾಕೆ ಬಾಯಿ ಬಿಡಲಿಲ್ಲ? ಮೊದಲ ಅಧ್ಯಾಯದಲ್ಲಿ ಕನ್ನಡಕದ ಹುಡುಗನೊಬ್ಬನನ್ನು ‘ಸೋಡಾಬುಡ್ಡಿ’ ಎಂದು ಕರೆದವನು ಅವನೇ ಆಗಿದ್ದರೆ, ಉತ್ತರ ಯಾರೂ ಹೇಳಬೇಕಿಲ್ಲ. ಡುಮ್ಮ, ಕುಳ್ಳ, ತೊದಲ ಎಂಬ ಅಡ್ಡಹೆಸರುಗಳನ್ನು ನಗೆಯ ಸರಕಾಗಿ ಸುರಿಯುವ ಬರಹಗಳು ಎಡವುವುದು ಇಲ್ಲಿ. ಶಾಲೆಯಲ್ಲಿ ಅಡ್ಡಹೆಸರು ಇದ್ದೇ ಇರುತ್ತದೆ, ಇಲ್ಲವೆಂದು ಬರೆದರೆ ಸುಳ್ಳು. ಆದರೆ ಕೂಗಿದ ಹೆಸರು ಕಥೆಯೊಳಗೆ ಸುತ್ತಿಕೊಂಡು ಕೂಗಿದವನ ಬಾಗಿಲಿಗೇ ಬರಬೇಕು. ಬರದಿದ್ದರೆ, ಅದನ್ನು ಓದುತ್ತಿರುವ ಕನ್ನಡಕದ ಮಗುವಿನ ಮೇಲೆ ನಾವೇ ಕಲ್ಲು ಎಸೆದ ಹಾಗೆ.

ಒಡಹುಟ್ಟಿದವರ ಜಗಳ ಬರೆಯುವುದಕ್ಕೆ ಕನ್ನಡದಷ್ಟು ಅನುಕೂಲದ ಭಾಷೆ ಕಡಿಮೆ. ಹಿರಿಯ–ಕಿರಿಯ ಎಂಬುದು ಕರೆಯುವ ಪದದಲ್ಲೇ ಕೂತಿದೆ. ಕೋಪ ಬಂದಾಗ ತಮ್ಮ ‘ಅಕ್ಕ’ ಬಿಟ್ಟು ಬರೀ ಹೆಸರು ಹಿಡಿದು ಕೂಗುತ್ತಾನೆ. ಕೆಲಸ ಆಗಬೇಕಾದಾಗ ‘ಅಕ್ಕಾ...’ ಎಂದು ಎಳೆಯುತ್ತಾನೆ. ಚುಚ್ಚಬೇಕಾದಾಗ ‘ನೀವು ಹೇಳಿದ ಮೇಲೆ ಆಯ್ತು ಬಿಡಿ’ ಎನ್ನುತ್ತಾನೆ. ಇಷ್ಟಿರುವಾಗ ‘ಎಂದು ಕೋಪದಿಂದ ಹೇಳಿದನು’ ಯಾಕೆ ಬೇಕು? ವಯಸ್ಸಿನ ಅಂತರವನ್ನೂ ಯೋಚಿಸಿ ಇಡಬೇಕು. ಎರಡು ಮೂರು ವರ್ಷ ಇದ್ದರೆ ಇಬ್ಬರೂ ಒಂದೇ ಜಾಗಕ್ಕೆ, ಒಂದೇ ರಿಮೋಟಿಗೆ ಜಗಳವಾಡುತ್ತಾರೆ. ಆರೇಳು ವರ್ಷವಾದರೆ ಅಕ್ಕ ಅರ್ಧ ಅಮ್ಮನಾಗಿಬಿಡುತ್ತಾಳೆ, ಜಗಳದ ಬಣ್ಣವೇ ಬೇರೆ.

ಮಾತು ಮಾತಿನ ಹಾಗೇ ಇರಲಿ. ‘ನಾನು ಇಂದು ಶಾಲೆಗೆ ಹೋಗುವುದಿಲ್ಲ’ ಎಂದು ಎಂಟು ವರ್ಷದವನು ಹೇಳಿದರೆ ಅವನು ಭಾಷಣ ಸ್ಪರ್ಧೆಗೆ ಹೊರಟಿದ್ದಾನೆ ಎಂದೇ ಅರ್ಥ. ‘ನಾನ್ ಹೋಗಲ್ಲ’ ಸಾಕು. ನಿರೂಪಣೆಯಲ್ಲಿ ಇನ್ನೊಂದು ತೊಡಕಿದೆ. ಕನ್ನಡದ ವಾಕ್ಯ ಕ್ರಿಯಾಪದದಲ್ಲಿ ಮುಗಿಯುತ್ತದೆ, ನಗಿಸುವ ಪದ ನಡುವೆ ಹೂತುಹೋಗುತ್ತದೆ. ‘ಬ್ಯಾಗಿನಿಂದ ಪುಸ್ತಕದ ಬದಲು ಕಪ್ಪೆ ಹೊರಗೆ ಬಂತು’ ಎಂಬಲ್ಲಿ ಕಪ್ಪೆ ಜಿಗಿಯುವುದೇ ಇಲ್ಲ. ‘ಬ್ಯಾಗಿನಿಂದ ಹೊರಗೆ ಬಂದದ್ದು ಪುಸ್ತಕವಲ್ಲ, ಕಪ್ಪೆ’ ಎಂದರೆ ಜಿಗಿಯುತ್ತದೆ. ಅದರ ಬೆನ್ನಿಗೇ ‘ಎಲ್ಲರೂ ಹೊಟ್ಟೆ ಹುಣ್ಣಾಗುವಂತೆ ನಕ್ಕರು’ ಎಂದು ಬರೆದರೆ ಮತ್ತೆ ಸಾಯುತ್ತದೆ. ಪಾತ್ರಗಳು ನಕ್ಕರೆ ಓದುವವರ ಪಾಲಿನದನ್ನು ಕಸಿದುಕೊಂಡ ಹಾಗೆ.

ಪದದಾಟಕ್ಕೂ ವಯಸ್ಸಿದೆ. ಅಮ್ಮ ‘ಏಳು’ ಎಂದರೆ ‘ಎಂಟು’ ಎಂದು ಮಗ್ಗುಲು ಬದಲಿಸುವ ಜೋಕ್ ಏಳೆಂಟು ವರ್ಷದವರಿಗೆ ಹಬ್ಬ. ಒಂದು ಪದಕ್ಕೆ ಎರಡರ್ಥ ಇರುವುದು ಮಕ್ಕಳಿಗೆ ಹಿಡಿತಕ್ಕೆ ಸಿಗುವುದು ಸುಮಾರು ಆ ಹೊತ್ತಿಗೆ. ಹನ್ನೊಂದರವರ ಮುಂದೆ ಅದನ್ನೇ ಇಟ್ಟರೆ ಕಣ್ಣು ಮೇಲಕ್ಕೆ ಹೊರಳುತ್ತದೆ. ಅವರಿಗೆ ವ್ಯಂಗ್ಯ ಬೇಕು. ಹೊಗಳಿಕೆಯಂತೆ ಕಾಣುವ ಬೈಗುಳವೆಂದರೆ ಅವರಿಗೆ ಪ್ರಾಣ.

ಬೆಳೆಯುವುದನ್ನು ಬರೆಯುವಾಗ ಮೈಯ ಲೆಕ್ಕ ತಪ್ಪುವುದು ಬರಹಕ್ಕಿಂತ ಚಿತ್ರದಲ್ಲಿ ಹೆಚ್ಚು. ಮುದ್ದಾಗಿ ಕಾಣಲೆಂದು 11 ವರ್ಷದವಳಿಗೆ ಮುಂದಿನ ಹಲ್ಲಿಲ್ಲದ ಬಾಯಿ ಬರೆಯುತ್ತಾರೆ. ಮುಂದಿನ ಹಾಲುಹಲ್ಲು ಬೀಳುವುದು 6ರಿಂದ 8ರೊಳಗೆ; 11ರಲ್ಲಿ ಅಲ್ಲಾಡುವುದು ಕೋರೆಹಲ್ಲು, ದವಡೆಹಲ್ಲು. ಹುಡುಗಿಯರ ಎತ್ತರ ಸರ್ರನೆ ಏರುವುದು ಹುಡುಗರಿಗಿಂತ ಸುಮಾರು ಎರಡು ವರ್ಷ ಮೊದಲು. ಹಾಗಾಗಿ ಆರು, ಏಳನೇ ತರಗತಿಯ ಚಿತ್ರದಲ್ಲಿ ಹಿಂದಿನ ಸಾಲಿಗೆ ಹುಡುಗಿಯರು ಹೋಗಬೇಕು. ಪಾದ ಎಲ್ಲಕ್ಕಿಂತ ಮೊದಲು ಬೆಳೆಯುತ್ತದೆ, ಕಾಲು ಆಮೇಲೆ, ಮುಂಡ ಕೊನೆಗೆ. ಹೊಸ ಶೂ ಮೂರೇ ತಿಂಗಳಿಗೆ ಕಚ್ಚುವುದು, ಸಮತಟ್ಟು ನೆಲದ ಮೇಲೆ ಎಡವುವುದು, ಅಣ್ಣನ ಶೂ ತಮ್ಮನಿಗೆ ಇದ್ದಕ್ಕಿದ್ದಂತೆ ಸರಿಹೋಗಿ ಇಬ್ಬರಿಗೂ ಮುಜುಗರವಾಗುವುದು, ಎಲ್ಲ ಅಲ್ಲೇ ಬಿದ್ದಿದೆ. ಬರೆಯುವವರು ಹೆಕ್ಕಿಕೊಂಡರೆ ಸಾಕು.

ಉದ್ದದ ಮಾತು. ಈ ವಯಸ್ಸಿನವರ ಇಂಗ್ಲಿಷ್ ಕಾದಂಬರಿಗೆ ಹೇಳುವ ಮೂವತ್ತು, ನಲವತ್ತು ಸಾವಿರ ಪದಗಳ ಅಳತೆಯನ್ನು ಇಲ್ಲಿಗೆ ತರಬಾರದು. ಅಲ್ಲಿ ಏಳೆಂಟು ಪದ ಬೇಕಾದದ್ದು ನಮ್ಮಲ್ಲಿ ‘ಮನೆಯಲ್ಲಿದ್ದವನಿಗೂ’ ಎಂಬ ಒಂದರಲ್ಲಿ ಮುಗಿಯುತ್ತದೆ. ಕನ್ನಡದಲ್ಲಿ 15ರಿಂದ 20 ಸಾವಿರ ಪದ ಧಾರಾಳ. ಅಧ್ಯಾಯಕ್ಕೆ 1,000 ಪದ ಇರಲಿ. ಗಟ್ಟಿಯಾಗಿ ಓದಲು ಹತ್ತು ಹನ್ನೆರಡು ನಿಮಿಷ.

ಬರೆದ ಮೇಲೆ ಪರೀಕ್ಷೆಯೂ ಬೇಕು. ಐದಾರು ಮಕ್ಕಳಿಗೆ ಅಭಿನಯವಿಲ್ಲದೆ ಓದಿ. ಅಭಿನಯಿಸಿದರೆ ಅವರು ನಗುವುದು ನಿಮ್ಮ ಮುಖ ನೋಡಿ. ‘ಚೆನ್ನಾಗಿದೆಯಾ?’ ಎಂದು ಕೇಳಬೇಡಿ, ಎಲ್ಲರೂ ಹೌದು ಎನ್ನುತ್ತಾರೆ. ಮರುದಿನ ಕಥೆ ಹೇಳಲು ಬಿಡಿ. ಅವರು ಹಾರಿಸಿದ ಭಾಗವನ್ನು ನೀವೂ ಹಾರಿಸಬಹುದು.

ಪುಟ ಕಟ್ಟುವವರಲ್ಲಿ ಕೆಲವು ಬೇಡಿಕೆ. ಒಂದೇ ವಾರಕ್ಕೆ 400 ಪದ ಕೊಟ್ಟರೆ ಮೇಲೆ ಹೇಳಿದ ಮೂರು ಮೆಟ್ಟಿಲಿಗೂ ಜಾಗ ಸಾಲದು. 700 ಪದಗಳ ಹತ್ತು ಕಂತು ಕೊಟ್ಟು ನೋಡಿ. ಕಂತನ್ನು ಜಾಹೀರಾತು ಬಂದಲ್ಲಿ ಕತ್ತರಿಸದೆ, ಚೀಟಿ ಕೈಗೆ ಬಂದು ಇನ್ನೂ ಬಿಚ್ಚದಿರುವಲ್ಲಿ ನಿಲ್ಲಿಸಿ. ಕಪ್ಪೆಯ ಚಿತ್ರವನ್ನು ತಲೆಬರಹದ ಪಕ್ಕ ದೊಡ್ಡದಾಗಿ ಹಾಕಿದರೆ ಬ್ಯಾಗಿನಲ್ಲಿ ಏನಿದೆ ಎಂಬುದು ಮೊದಲ ಸಾಲಿಗೆ ಮೊದಲೇ ಗೊತ್ತಾಗುತ್ತದೆ. ಅಲ್ಲಿ ಮುಚ್ಚಿದ ಬ್ಯಾಗು ಇರಲಿ, ಕಪ್ಪೆ ಕೆಳಗಿನ ಮೂಲೆಗೆ ಹೋಗಲಿ. ಇನ್ನು ಕೊನೆಯಲ್ಲಿ ಚೌಕಟ್ಟು ಹಾಕಿ ‘ನೀತಿ’ ಎಂದು ಅಚ್ಚು ಮಾಡುತ್ತೀರಲ್ಲ, ಆ ಜಾಗದಲ್ಲಿ ಅಕ್ಕ ಟೀಚರ್‌ಗೆ ಬರೆದ ಕಾಗದವನ್ನು, ತತ್ಸಂಬಂಧ ಸಮೇತ, ಅವಳ ಕೈಬರಹದಲ್ಲೇ ಅಚ್ಚು ಹಾಕಬಹುದು.

ಇತಿ,
ಮಕ್ಕಳ ಕಥೆಗಳನ್ನು ತಿದ್ದುವ ಓದುಗರೊಬ್ಬರು