ಮಕ್ಕಳ ಕಥೆಯ ಕಪಾಟಿನಲ್ಲಿ ಚೀನಾದ ಚರಿತ್ರೆಯೂ ಇರಲಿ

ಮಾನ್ಯ ಸಂಪಾದಕರೆ,

ತೀರ್ಥಹಳ್ಳಿ ತಾಲ್ಲೂಕಿನ ಒಂದು ಗ್ರಾಮ ಪಂಚಾಯಿತಿ ಗ್ರಂಥಾಲಯವನ್ನು ನೋಡಿಕೊಳ್ಳುವವಳು ನಾನು. ಸರ್ಕಾರ ಈಗ ಅದನ್ನು ‘ಅರಿವು ಕೇಂದ್ರ’ ಎಂದು ಕರೆಯುತ್ತದೆ, ಊರಿನವರ ಬಾಯಲ್ಲಿ ಇನ್ನೂ ಲೈಬ್ರರಿಯೇ. ಇಲ್ಲಿ ಮಕ್ಕಳ ಕಥೆ ಪುಸ್ತಕಗಳ ಕಪಾಟಿನ ಕೆಳಗಿನ ಖಾನೆಯಲ್ಲಿ ಚೀನಾದ ಇತಿಹಾಸ, ಸಂಸ್ಕೃತಿಯ ಪುಸ್ತಕಗಳನ್ನು ಇಟ್ಟಿದ್ದೇನೆ. ಬೆಳಿಗ್ಗೆ ಪೇಪರ್ ಓದಲು ಬರುವ ಹಿರಿಯರೊಬ್ಬರು ಅದನ್ನು ಕಂಡು, “ಏನಮ್ಮಾ, ನಮ್ಮ ಮಕ್ಕಳಿಗೆ ಓದಿಸೋಕೆ ಚೀನಾದ್ದೇ ಬೇಕಿತ್ತಾ?” ಎಂದರು. ಮಾತಿನಲ್ಲಿ ಕೊಂಕಿರಲಿಲ್ಲ, ಬೇಸರವಿತ್ತು. ಅವರಿಗೆ ಅಲ್ಲೇ ಒಂದೆರಡು ಮಾತು ಹೇಳಿದೆ. ಉಳಿದದ್ದನ್ನು ನಿಮ್ಮ ಪತ್ರಿಕೆಯ ಮೂಲಕ ಹೇಳುತ್ತಿದ್ದೇನೆ, ಏಕೆಂದರೆ ಇದೇ ಪ್ರಶ್ನೆ ಬೇರೆ ಊರಿನ ಲೈಬ್ರರಿಗಳಲ್ಲೂ ಏಳುತ್ತದೆ.

ನನ್ನ ಮಗಳಿಗೆ ರಾತ್ರಿ ಕಥೆಯಿಲ್ಲದೆ ನಿದ್ದೆ ಹತ್ತುವುದಿಲ್ಲ. ಅವಳು ಮತ್ತೆ ಮತ್ತೆ ಕೇಳುವುದು ಆನೆ ತೂಗಿದ ಹುಡುಗನ ಕಥೆ. ಚೀನಾದ ದಕ್ಷಿಣದ ದೊರೆ ಸುನ್ ಚ್ವಾನ್ ಉತ್ತರದ ತ್ಸಾವೊ ತ್ಸಾವೊನಿಗೆ ಒಂದು ಆನೆ ಕಳಿಸಿದ. ಅಷ್ಟು ದೊಡ್ಡ ಪ್ರಾಣಿಯನ್ನು ತೂಗುವುದು ಹೇಗೆಂದು ಯಾರಿಗೂ ಹೊಳೆಯಲಿಲ್ಲ. ತ್ಸಾವೊ ತ್ಸಾವೊನ ಮಗ ತ್ಸಾವೊ ಚೋಂಗ್‌ಗೆ ಆಗ ಐದಾರು ವರ್ಷ. ಆನೆಯನ್ನು ದೋಣಿಗೆ ಹತ್ತಿಸಿ, ನೀರು ಮುಟ್ಟಿದಲ್ಲಿ ಗುರುತು ಹಾಕಿ, ಆನೆ ಇಳಿಸಿ, ದೋಣಿ ಅದೇ ಗುರುತಿಗೆ ಮುಳುಗುವ ತನಕ ಕಲ್ಲು ತುಂಬಿ, ಆ ಕಲ್ಲುಗಳನ್ನು ಒಂದೊಂದಾಗಿ ತೂಗಿದರಾಯಿತು ಅಂದ. ಲೈಬ್ರರಿಯಲ್ಲೂ ಈ ಕಥೆ ಓದಿ ಹೇಳಿದ್ದೇನೆ. ಸಕ್ರೆಬೈಲಿನಲ್ಲಿ ಮಾವುತರು ಆನೆ ಮೀಯಿಸುವುದನ್ನು ಕಂಡ ಮಕ್ಕಳಿಗೆ ಇದರಲ್ಲಿ ಕೇಳುವುದಕ್ಕೆ ಬಹಳ ಇರುತ್ತದೆ. ದೋಣಿ ಮಗುಚುವುದಿಲ್ಲವೇ, ಆನೆ ಸುಮ್ಮನೆ ನಿಲ್ಲುತ್ತದೆಯೇ, ಮಾವುತನೂ ಹತ್ತಿದ್ದರೆ ಅವನ ತೂಕ ಕಳೆಯಬೇಡವೇ?

ಒಂದು ರಾತ್ರಿ ಮಗಳು ಕೇಳಿದಳು, “ಆ ಹುಡ್ಗ ದೊಡ್ಡೋನಾಗಿ ರಾಜ ಆದ್ನಾ ಅಮ್ಮ?” ಕಥೆ ಪುಸ್ತಕದಲ್ಲಿ ಇದಕ್ಕೆ ಉತ್ತರವಿಲ್ಲ, ಕೊನೆಯ ಪುಟದಲ್ಲಿ ಹುಡುಗ ನಗುತ್ತಾ ನಿಂತಿದ್ದಾನೆ, ಅಷ್ಟೇ. ಉತ್ತರವಿರುವುದು ಚರಿತ್ರೆಯಲ್ಲಿ. ಅವನು ಕ್ರಿ.ಶ. 208ರಲ್ಲಿ, ಹದಿಮೂರು ತುಂಬುವ ಮೊದಲೇ, ಕಾಯಿಲೆಯಿಂದ ತೀರಿಕೊಂಡ. ಉತ್ತರ ಚೀನಾವನ್ನೆಲ್ಲ ಕೈವಶ ಮಾಡಿಕೊಂಡಿದ್ದ ತಂದೆ, ಮಗ ಉಳಿಯಲೆಂದು ತಾನೇ ದೇವರಲ್ಲಿ ಬೇಡಿಕೊಂಡನೆಂದು ಆ ಕಾಲದ ಚರಿತ್ರೆ ಬರೆದಿಟ್ಟಿದೆ. ಅದೇ ವರ್ಷದ ಚಳಿಗಾಲದಲ್ಲಿ ಅವನ ದೊಡ್ಡ ಸೈನ್ಯ ಯಾಂಗ್ತ್ಸೆ ನದಿಯಲ್ಲಿ ಸೋತಿತು. ಸೋಲಿಸಿದವರು ಆನೆ ಕಳಿಸಿದ ಅದೇ ಸುನ್ ಚ್ವಾನ್ ಮತ್ತವನ ಮಿತ್ರರು. ಮಲಗುವ ಮಗುವಿಗೆ ಇದನ್ನೆಲ್ಲ ಹೇಳಬೇಕೇ ಎಂದು ಕೆಲವು ತಾಯಂದಿರು ಕೇಳಿಯಾರು. ನಾನು ಹೇಳಿದೆ. ಅವಳು ಅಳಲಿಲ್ಲ, ಏನು ಕಾಯಿಲೆ ಎಂದು ಕೇಳಿದಳು. ಮರುದಿನ ಸಂಜೆ ಲೈಬ್ರರಿಗೆ ಬಂದವಳು ಚೀನಾದ ನಕ್ಷೆ ಇರುವ ಪುಸ್ತಕ ಎಳೆದುಕೊಂಡು ಆ ನದಿಯನ್ನು ಹುಡುಕಿದಳು. ಎರಡು ಬಗೆಯ ಪುಸ್ತಕ ಒಂದೇ ಕಪಾಟಿನಲ್ಲಿರಬೇಕು ಎಂದು ನಾನು ಹಟ ಹಿಡಿದಿರುವುದು ಇದಕ್ಕೇ. ಕಥೆ ಮುಗಿದ ಮೇಲೆ ಮಗು ಕೇಳುವ ಪ್ರಶ್ನೆಗೆ ಕೈಗೆ ಎಟುಕುವಲ್ಲೇ ಉತ್ತರ ಇರಬೇಕು. ಉತ್ತರ ಜಿಲ್ಲಾ ಕೇಂದ್ರದ ಲೈಬ್ರರಿಯ ಅಟ್ಟದಲ್ಲಿದ್ದರೆ ಅಷ್ಟು ಹೊತ್ತಿಗೆ ಪ್ರಶ್ನೆ ಆರಿಹೋಗಿರುತ್ತದೆ.

ಇನ್ನೊಂದು ಸಂಗತಿ ನಮ್ಮ ಹಿರಿಯರು ಗಮನಿಸಬೇಕು. ಈ ಆನೆಯ ಕಥೆ ಮೂಲದಲ್ಲಿ ಚೀನಾದ್ದಲ್ಲ, ಭಾರತದಿಂದ ಬೌದ್ಧರ ಜೊತೆ ಅಲ್ಲಿಗೆ ಹೋಗಿ ತ್ಸಾವೊ ಚೋಂಗ್‌ನ ಹೆಸರಿಗೆ ಅಂಟಿಕೊಂಡಿತು ಎಂದು ವಾದಿಸಿದವರು ಚೀನಾದವರೇ ಆದ ದೊಡ್ಡ ಇತಿಹಾಸಕಾರ ಚೆನ್ ಯಿನ್‌ಕೆ. 5ನೇ ಶತಮಾನದಲ್ಲಿ ಚೀನೀ ಭಾಷೆಗೆ ಹೋದ ಒಂದು ಬೌದ್ಧ ಕಥಾಸಂಗ್ರಹದಲ್ಲಿ ಆನೆಯನ್ನು ಹೀಗೇ ದೋಣಿಯಲ್ಲಿ ತೂಗುತ್ತಾರೆ. ವಾಯವ್ಯ ಚೀನಾದಲ್ಲಿ ಬೌದ್ಧ ಗುಹೆಗಳಿರುವ ದುನ್‌ಹುವಾಂಗ್‌ನ 257ನೇ ಗುಹೆಯ ಗೋಡೆಯ ಮೇಲೆ ಮುಳುಗುತ್ತಿದ್ದವನನ್ನು ಕಾಪಾಡಿ ಅವನಿಂದಲೇ ಮೋಸಹೋಗುವ ಜಿಂಕೆಯ ಚಿತ್ರವಿದೆ. ಅದು ಬುದ್ಧನ ಹಿಂದಿನ ಜನ್ಮದ ಕಥೆಗಳಲ್ಲೊಂದಾದ ನಮ್ಮ ರುರು ಜಾತಕ. 1981ರಲ್ಲಿ ಶಾಂಘೈನವರು ಅದನ್ನು ಕಾರ್ಟೂನ್ ಸಿನಿಮಾ ಮಾಡಿದರು. ಅಲ್ಲಿನ ಮಕ್ಕಳು ಆ ಜಿಂಕೆಯನ್ನು ತಮ್ಮದೇ ಎಂದುಕೊಂಡು ಬೆಳೆದಿದ್ದಾರೆ, ಬೆಳೆಯಲಿ ಬಿಡಿ. ತೀರ್ಥಹಳ್ಳಿಯವರಾದ ನಾವು ಇದಕ್ಕೆ ಬೆರಗಾಗಬೇಕಿಲ್ಲ. ಜರ್ಮನಿಯ ಹ್ಯಾಮೆಲಿನ್ ಪಟ್ಟಣದ ಇಲಿಗಳ ಕಥೆ ಇಂಗ್ಲಿಷ್ ಪದ್ಯವೊಂದರ ದಾರಿಯಲ್ಲಿ ಕುವೆಂಪು ಅವರ ಕೈಗೆ ಸಿಕ್ಕಿ ಬೊಮ್ಮನಹಳ್ಳಿಯ ಕಥೆಯಾಯಿತು. ಕಿಂದರಿಜೋಗಿ ಪರದೇಶದವನೆಂದು ಮಲೆನಾಡಿನ ಯಾವ ಮಗುವೂ ಅಂದದ್ದನ್ನು ನಾನು ಕೇಳಿಲ್ಲ.

ಹ್ಯೂಯೆನ್ ತ್ಸಾಂಗ್‌ನ ಹೆಸರು ನಮ್ಮ ಶಾಲೆಯ ಪಾಠದಲ್ಲಿದೆ. ಇಮ್ಮಡಿ ಪುಲಕೇಶಿಯ ಕಾಲದಲ್ಲಿ ಬಂದ ಚೀನೀ ಯಾತ್ರಿಕ ಎಂಬ ಒಂದು ಸಾಲು, ಪರೀಕ್ಷೆಗೆ ಒಂದು ಅಂಕ. ಆದರೆ ಅವನು ಪುಲಕೇಶಿಯ ಸೀಮೆಯ ಬಗ್ಗೆ ಬರೆದದ್ದನ್ನು ಓದಿ ಹೇಳಿ ನೋಡಿ. ಯುದ್ಧಕ್ಕೆ ಹೊರಡುವ ಮುಂಚೆ ಇಲ್ಲಿನ ವೀರರು ಮದ್ಯ ಕುಡಿಯುತ್ತಿದ್ದರು, ಆನೆಗಳಿಗೂ ಕುಡಿಸುತ್ತಿದ್ದರು, ಹರ್ಷವರ್ಧನನಿಗೂ ಇವರನ್ನು ಮಣಿಸಲಾಗಲಿಲ್ಲ ಎನ್ನುತ್ತಾನೆ. ಬಾದಾಮಿಯ ಅರಸನ ಕುರಿತು ಕಣ್ಣಲ್ಲಿ ಕಂಡು ಕಿವಿಯಲ್ಲಿ ಕೇಳಿ ಬರೆದಿಟ್ಟ ಮಾತುಗಳಿಗಾಗಿ ನಾವು ಚೀನಾದ ಪುಸ್ತಕವನ್ನೂ ಬಿಚ್ಚಬೇಕು. 629ರ ಸುಮಾರಿಗೆ ಹೊರಟವನು 645ರಲ್ಲಿ 657 ಗ್ರಂಥಗಳನ್ನು ಹೊತ್ತು ಊರು ಸೇರಿದ. ಅವನ ಯಾತ್ರೆಯೇ ಮುಂದೆ 16ನೇ ಶತಮಾನದಲ್ಲಿ 100 ಅಧ್ಯಾಯಗಳ ಕಾದಂಬರಿಯಾಗಿ, ಸುನ್ ವುಕೋಂಗ್ ಎಂಬ ಕಪಿರಾಯ ಅವನ ಬೆಂಗಾವಲಿಗೆ ನಿಂತ. ಆ ಕಪಿಯ ಚಿತ್ರ ತೋರಿಸಿದ ಕೂಡಲೇ ಮಕ್ಕಳು “ಹನುಮಂತ!” ಎಂದು ಕೂಗುತ್ತಾರೆ. ವಿದ್ವಾಂಸರು ಬಹುಕಾಲದಿಂದ ಚರ್ಚಿಸುತ್ತಿರುವುದೂ ಇದನ್ನೇ.

ಹಿರಿಯರ ಬೇಸರದ ಹಿಂದಿರುವ ಗಡಿಯ ಮಾತಿಗೆ ಬರುತ್ತೇನೆ. 1962ರ ಯುದ್ಧ ಅವರಿಗೆ ನೆನಪಿದೆ. 2020ರ ಜೂನ್‌ನಲ್ಲಿ ಗಲ್ವಾನ್ ಕಣಿವೆಯಲ್ಲಿ ನಮ್ಮ 20 ಯೋಧರು ಪ್ರಾಣಕೊಟ್ಟದ್ದು ನಮಗೆಲ್ಲರಿಗೂ ನೆನಪಿದೆ. ಆ ನೋವನ್ನು ಕಡಿಮೆ ಮಾಡಿ ಮಾತಾಡುವವಳಲ್ಲ ನಾನು. ಆದರೆ ಸೇನೆಯ ವಿಷಯ ಒತ್ತಟ್ಟಿಗಿಟ್ಟು ಕೇಳುತ್ತೇನೆ, ಗಡಿ ಹಂಚಿಕೊಂಡ ಅಷ್ಟು ದೊಡ್ಡ ದೇಶದ ಬಗ್ಗೆ ನಮ್ಮ ಮಕ್ಕಳಿಗೆ ಗೊತ್ತಿರುವುದೇನು? ಜಾತ್ರೆಯಲ್ಲಿ ಸಿಗುವ ಪ್ಲಾಸ್ಟಿಕ್ ಆಟಿಕೆ, ಮೊಬೈಲು, ಗೋಬಿ ಮಂಚೂರಿ, ಕೊರೊನಾ. ಇಷ್ಟರ ಮೇಲೆ ಸ್ನೇಹವೂ ಆಗದು, ಎಚ್ಚರವೂ ಬಾರದು.

ಚೀನಾದ ಚರಿತ್ರೆ ಎಂದರೆ ಬರೀ ಗುಣಗಾನವೂ ಅಲ್ಲ. 1959ರಿಂದ 61ರವರೆಗಿನ ಬರಗಾಲದಲ್ಲಿ ಸರ್ಕಾರದ ನೀತಿಗಳಿಂದಾಗಿ ಕೋಟ್ಯಂತರ ಜನ ಹಸಿವಿನಿಂದ ಸತ್ತರು. 1966ರಿಂದ ಹತ್ತು ವರ್ಷ ನಡೆದ ಸಾಂಸ್ಕೃತಿಕ ಕ್ರಾಂತಿಯಲ್ಲಿ ಮೇಷ್ಟ್ರುಗಳನ್ನು ಬೀದಿಗೆಳೆದು ಅವಮಾನಿಸಿದರು, ಪುಸ್ತಕ ಸುಟ್ಟರು. ಪೀಕಿಂಗ್ ವಿಶ್ವವಿದ್ಯಾಲಯದ ಸಂಸ್ಕೃತ ಪ್ರಾಧ್ಯಾಪಕ ಜಿ ಶಿಯಾನ್‌ಲಿನ್ ಅವರನ್ನೂ ಹೊಡೆದು ಹಿಂಸಿಸಿ, ಆಮೇಲೆ ಕಟ್ಟಡವೊಂದರ ಬಾಗಿಲು ಕಾಯಲು ಹಾಕಿದರು. ಆ ಕಾವಲಿನ ಕೆಲಸದಲ್ಲಿದ್ದುಕೊಂಡೇ ಅವರು 1973ರಲ್ಲಿ ಯಾರಿಗೂ ತಿಳಿಯದಂತೆ ವಾಲ್ಮೀಕಿ ರಾಮಾಯಣವನ್ನು ಸಂಸ್ಕೃತದಿಂದ ನೇರವಾಗಿ ಚೀನೀ ಭಾಷೆಗೆ ತರಲು ಕೂತರು. ಏಳೂ ಕಾಂಡಗಳು 1980ರಿಂದ 84ರೊಳಗೆ ಅಚ್ಚಾದವು. ಚೀನಾದ ಪುಸ್ತಕ ಏಕೆ ಎಂದು ಕೇಳಿದ ಹಿರಿಯರಿಗೆ ನಾನು ಹೇಳಿದ ಒಂದೆರಡು ಮಾತು ಇವರ ಬಗ್ಗೆಯೇ. ಅವರು ಕನ್ನಡಕ ತೆಗೆದು ಒರೆಸಿಕೊಂಡು, “ಅದು ಯಾವ ಪುಸ್ತಕದಲ್ಲಿದೆ?” ಎಂದರು. ಕನ್ನಡದ ಒಂದು ಪುಸ್ತಕವನ್ನು ಅವರ ಕೈಗಿಡಲು ನನ್ನಲ್ಲಿರಲಿಲ್ಲ.

ನನ್ನ ಅಹವಾಲು ಇಷ್ಟೆ. ಕುವೆಂಪು ಭಾಷಾ ಭಾರತಿ ಪ್ರಾಧಿಕಾರವೂ ನಮ್ಮ ಪ್ರಕಾಶಕರೂ ಚೀನಾದ ಮಕ್ಕಳ ಕಥೆಗಳನ್ನು ಮತ್ತು ದೊಡ್ಡವರು ಮಕ್ಕಳಿಗೆ ಓದಿ ಹೇಳಬಹುದಾದಂಥ ಅಲ್ಲಿನ ಚರಿತ್ರೆಯನ್ನು ಜೋಡಿಯಾಗಿ ತರಲಿ. ಸಾಧ್ಯವಾದರೆ ಚೀನೀ ಭಾಷೆ ಬಲ್ಲವರಿಂದಲೇ ಮಾಡಿಸಲಿ. ಸಿಮಾ ಗ್ವಾಂಗ್‌ನಿಂದಲೇ ಶುರು ಮಾಡಬಹುದು. ನೀರಿನ ದೊಡ್ಡ ಗುಡಾಣದಲ್ಲಿ ಗೆಳೆಯನೊಬ್ಬ ಬಿದ್ದು, ಬೇರೆ ಮಕ್ಕಳೆಲ್ಲ ಹೆದರಿ ಓಡಿಹೋದಾಗ, ಗೆಳೆಯನನ್ನು ಉಳಿಸಲು ಕಲ್ಲೆತ್ತಿ ಗುಡಾಣ ಒಡೆದ ಹುಡುಗ ಅವನು. ಮುಂದೆ 1084ರಲ್ಲಿ 1362 ವರ್ಷಗಳ ಚರಿತ್ರೆಯನ್ನು 294 ಭಾಗಗಳಲ್ಲಿ ಬರೆದು ಮುಗಿಸಿದವನೂ ಅವನೇ. ಗುಡಾಣದ ಕಥೆ ಚೀನಾದ ಪ್ರತಿ ಮಗುವಿಗೂ ಗೊತ್ತು.

ಮುದ್ರಕರಲ್ಲೂ ಒಂದು ಕೋರಿಕೆಯಿದೆ, ಇದು ಮಲೆನಾಡಿನ ಲೈಬ್ರರಿಗಳ ಪರವಾಗಿ. ಆಷಾಢ, ಶ್ರಾವಣದಲ್ಲಿ ನಮ್ಮ ಕಪಾಟುಗಳಲ್ಲಿ ಪುಸ್ತಕಕ್ಕೆ ಬೂಷ್ಟು ಬರುತ್ತದೆ. ನುಣುಪು ಕಾಗದದ ಚಿತ್ರಪುಸ್ತಕಗಳ ಹಾಳೆ ಒಂದಕ್ಕೊಂದು ಅಂಟಿಕೊಳ್ಳುತ್ತವೆ, ಬಿಡಿಸಲು ಹೋದರೆ ಬಣ್ಣವೇ ಕಿತ್ತು ಬರುತ್ತದೆ. ಬರೀ ಗೋಂದಿನ ಬೈಂಡಿಂಗ್ ಒಂದು ಮಳೆಗಾಲವನ್ನೂ ದಾಟುವುದಿಲ್ಲ. ಹೊಳಪಿಲ್ಲದ ಕಾಗದ ಬಳಸಿ, ನೂಲಿನ ಹೊಲಿಗೆ ಹಾಕಿಸಿ, ಅಕ್ಷರ ದಪ್ಪಗಿರಲಿ. ಗಾಳಿಮಳೆಗೆ ಕರೆಂಟು ಹೋದ ರಾತ್ರಿ ಎಮರ್ಜೆನ್ಸಿ ಲೈಟಿನಲ್ಲಿ ಓದಿ ಹೇಳುವ ಅಜ್ಜಿಯರು ಇಲ್ಲಿ ಬಹಳ ಮಂದಿ ಇದ್ದಾರೆ.

ಯಾರ ಮನೆಯ ಅಟ್ಟದಲ್ಲಾದರೂ ಚೀನಾದ ಕುರಿತ ಹಳೆಯ ಕನ್ನಡ ಪುಸ್ತಕಗಳಿದ್ದರೆ ದಯವಿಟ್ಟು ಹತ್ತಿರದ ಪಂಚಾಯಿತಿ ಲೈಬ್ರರಿಗೆ ಕೊಡಿ. ರಟ್ಟು ಹೋಗಿದ್ದರೂ ಚಿಂತೆಯಿಲ್ಲ, ನಾವು ಹಾಕಿಸಿಕೊಳ್ಳುತ್ತೇವೆ.

ಇಂತಿ ನಿಮ್ಮ ಓದುಗಳು,
ಗ್ರಂಥಾಲಯ ಮೇಲ್ವಿಚಾರಕಿ
ತೀರ್ಥಹಳ್ಳಿ ತಾಲ್ಲೂಕು, ಶಿವಮೊಗ್ಗ ಜಿಲ್ಲೆ